ರಕ್ತಪಿಶಾಚಿ ಬರುವ ಮುಂಚೆ: ಕತೆ ಬರೆಯುವ ತಮ್ಮನಿಗೆ

ಕಲಬುರಗಿ

ಪ್ರೀತಿಯ ತಮ್ಮಾ,

ಯಾದಗಿರಿಯಿಂದ ನೀನು ಕಳಿಸಿದ ಕತೆ ಮುಟ್ಟಿತು. ಎರಡು ಸಲ ಓದಿದೆ. ಮೊದಲ ಸಲ ಮಧ್ಯಾಹ್ನ ಊಟವಾದ ಮೇಲೆ, ಎರಡನೆಯ ಸಲ ಅದೇ ರಾತ್ರಿ ಕರೆಂಟು ಹೋದಾಗ ಮಾಳಿಗೆಯ ಮೇಲೆ ಬ್ಯಾಟರಿ ಹಚ್ಚಿಕೊಂಡು. ನಿನ್ನ ಕಾಕಿ, "ಏನ್ ಬರ್ದಾನ ಆ ಹುಡುಗ, ಇಷ್ಟೊತ್ತು ಓದ್ಲಿಕ್ಕತ್ತೀರಿ?" ಅಂತ ಕೇಳಿದಳು. "ದೆವ್ವದ ಕತಿ" ಅಂದೆ. "ದೆವ್ವದ್ದೋ, ಹುಡುಗಂದೋ?" ಅಂದಳು. ನನಗೆ ಉತ್ತರ ಹೊಳೆಯಲಿಲ್ಲ. ಈ ಪತ್ರ ಬರೆಯಲು ಕೂತದ್ದೇ ಅದಕ್ಕೆ.

ಮೊದಲು ನಿನ್ನ ಎರಡನೆಯ ಪುಟದ ಮಾತು. ಹಾಸ್ಟೆಲಿನ ಆ ಹುಡುಗ ಮನೆಯಿಂದ ಬಂದ ಬುತ್ತಿಯನ್ನು ದೊಡ್ಡ ಹುಡುಗರು ಕಸಿಯುತ್ತಾರೆಂದು ಅಂಗಿಯೊಳಗೆ ಹೊಟ್ಟೆಗೆ ಒತ್ತಿಟ್ಟುಕೊಂಡು ಕಕ್ಕಸಿಗೆ ಹೋಗುತ್ತಾನೆ. ಅಲ್ಲಿ ಬಾಗಿಲು ಹಾಕಿಕೊಂಡು ತಿನ್ನುತ್ತಾನೆ. ಕಟಕ್ ರೊಟ್ಟಿ ಸಪ್ಪಳ ಮಾಡುತ್ತದೆ, ಹೊರಗೆ ಕೇಳಿಸುತ್ತದೆ ಅಂತ ಒಂದೊಂದು ತುಂಡನ್ನೂ ಬಾಯಲ್ಲಿ ಉಗುಳಿನಿಂದ ನೆನೆಸಿ ಮೆತ್ತಗೆ ಮಾಡಿ ನುಂಗುತ್ತಾನೆ. ಇದನ್ನು ಓದಿ ನಾನು ಹಾಳೆ ಕೆಳಗಿಟ್ಟು ಸ್ವಲ್ಪ ಹೊತ್ತು ಸುಮ್ಮನೆ ಕೂತೆ. ಇದನ್ನು ನೀನು ಎಲ್ಲಿ ನೋಡಿದೆ ಅಂತ ಕೇಳುವುದಿಲ್ಲ. ಇಂಥದ್ದನ್ನು ಯಾರೂ ಕುರ್ಚಿಯ ಮೇಲೆ ಕೂತು ಹೊಸೆಯಲಾರರು.

ಆದರೆ ಮೂರನೆಯ ಪುಟಕ್ಕೆ ಕೋಟೆಯ ಗುಡ್ಡದಿಂದ ಬಿಳಿ ಸೀರೆಯ, ಕೆಂಪು ಕಣ್ಣಿನ ಹುಡುಗಿ ಇಳಿದು ಬಂದಳು. ಐದನೆಯ ಪುಟ ಮುಗಿಯುವುದರೊಳಗೆ ಸತಾಯಿಸುವ ಮೂವರ ಕುತ್ತಿಗೆಯಲ್ಲೂ ಹಲ್ಲಿನ ಗುರುತು. ನಿನ್ನ ಹುಡುಗ? ಅವನು ಮಂಚದ ಮೇಲೆ ಮಲಗಿದ್ದ. ಅವನು ಏನನ್ನೂ ಕೇಳಲಿಲ್ಲ, ಬಯಸಲಿಲ್ಲ. ಬೆಳಿಗ್ಗೆ ಎದ್ದಾಗ ಅವನ ಕಷ್ಟ ತೀರಿತ್ತು. ರೊಟ್ಟಿಯನ್ನು ನೆನೆಸಿ ನುಂಗಿದ ಹುಡುಗ ಇವನೇ ಅಂತ ನನಗೆ ನಂಬಿಕೆ ಬರಲಿಲ್ಲ.

ನನ್ನದೊಂದು ಹೇಳುತ್ತೇನೆ. ಆಗ ನನಗೆ ಹನ್ನೆರಡು ವರ್ಷ. ಆಳಂದ ಕಡೆಯ ನಮ್ಮೂರಲ್ಲಿ ಹುಡುಗರೆಲ್ಲ ಈಸು ಕಲಿಯುತ್ತಿದ್ದುದು ಹೊಲದ ಮೆಟ್ಟಿಲು ಬಾವಿಯಲ್ಲಿ, ಬೆನ್ನಿಗೆ ಬೆಂಡು ಕಟ್ಟಿಕೊಂಡು. ನನಗಿಂತ ಮೂರು ವರ್ಷ ದೊಡ್ಡವನೊಬ್ಬ ಒಂದು ದಿನ ನನ್ನ ಬೆಂಡು ಬಿಚ್ಚಿ, ನೆತ್ತಿಯ ಮೇಲೆ ಅಂಗೈ ಇಟ್ಟು ನೀರಿಗೆ ಒತ್ತಿ ಹಿಡಿದ. ಎಷ್ಟು ಹೊತ್ತು ಗೊತ್ತಿಲ್ಲ. ಮೇಲೆ ಮೆಟ್ಟಿಲ ಮೇಲೆ ಕೂತವರ ನಗು ನೀರೊಳಗೆ ಡಬ್ಬಿಯಲ್ಲಿ ಅಲ್ಲಾಡಿಸಿದ ಕಲ್ಲಿನ ಹಾಗೆ ಕೇಳುತ್ತಿತ್ತು. ಹಸಿರು ಬೆಳಕು, ಪಾಚಿಗಟ್ಟಿದ ಕಲ್ಲಿನ ಅಂಚು, ನೀರಲ್ಲಿ ಇಳಿಬಿಟ್ಟ ಯಾರದೋ ಕಾಲಿನ ಬೆಳ್ಳನೆಯ ಹೆಬ್ಬೆರಳು. ಆ ಹೆಬ್ಬೆರಳು ಈಗಲೂ ಕಣ್ಣ ಮುಂದೆ ಬರುತ್ತದೆ.

ದೊಡ್ಡವನಾದ ಮೇಲೆ ಇದನ್ನು ಮೂರು ಸಲ ಬರೆದೆ, ಮೂರು ಸಲವೂ ಹರಿದೆ. ಮೂರರಲ್ಲೂ ನಾನು ಏನೂ ಅರಿಯದ ಕುರಿಮರಿ, ಅವನು ತೋಳ. ನಾಲ್ಕನೆಯ ಸಲ ಬರೆಯುವಾಗ ಹಿತ್ತಲ ಕಟ್ಟೆ ನೆನಪಾಯಿತು. ಬಾವಿಯಲ್ಲಿ ಮುಳುಗಿಸಿದ ದಿನದಿಂದ ರಾತ್ರಿ ಎಲ್ಲರೂ ಮಲಗಿದ ಮೇಲೆ ನಾನು ಎದ್ದು ಹೋಗಿ, ಕಟ್ಟೆಗೆ ಹಾಸಿದ ಶಹಾಬಾದ ಪರಸಿಯ ಮೇಲೆ ಮೊಳೆಯಿಂದ ಅವನ ಹೆಸರು ಕೆರೆದು, ಅದರ ಮೇಲೆ ಉಗುಳಿ, ಹಿಮ್ಮಡಿಯಿಂದ ಉಜ್ಜುತ್ತಿದ್ದೆ. ಕೆಲವು ದಿನದ ಮೇಲೆ ಅವನಿಗೆ ಚಳಿಜ್ವರ ಬಂತು. ಅವರ ಮನೆಯ ಕಡೆಯಿಂದ ಹೆಂಗಸರ ಅಳು ಕೇಳಿಸುತ್ತದೇನೋ ಎಂದು ಕಿವಿಗೊಟ್ಟು ಮಲಗಿದ ರಾತ್ರಿ ನನಗೆ ಚೆನ್ನಾಗಿ ನೆನಪಿದೆ. ಅವನು ಗುಣವಾದ. ನನಗೆ ನಿರಾಸೆಯಾಯಿತು. ಆ ನಿರಾಸೆಯನ್ನು ಬರೆದ ದಿನ ಕತೆ ತನ್ನ ಕಾಲ ಮೇಲೆ ನಿಂತಿತು.

ನಿನ್ನ ಹುಡುಗನಿಗೂ ಹಾಗೊಂದು ಪರಸಿಕಲ್ಲು ಬೇಕು. ಅವನ ಎದೆಯಲ್ಲಿ ಏನು ಕುದಿಯುತ್ತಿದೆ ಅಂತ ಮೊದಲು ತೋರಿಸು, ಆಮೇಲೆ ಅವಳನ್ನು ಕರೆ.

2008ರ ಸ್ವೀಡಿಷ್ ಚಿತ್ರ 'ಲೆಟ್ ದ ರೈಟ್ ಒನ್ ಇನ್' ನೋಡಿ ಈ ಕತೆ ಹೊಳೆಯಿತು ಅಂತ ಬರೆದಿದ್ದೀಯ. ಹಾಗಾದರೆ ಅದನ್ನು ಇನ್ನೊಮ್ಮೆ ನೋಡು, ಈ ಸಲ ರಕ್ತ ಬಿಟ್ಟು ಉಳಿದದ್ದನ್ನು ನೋಡು. ಸ್ಟಾಕ್‌ಹೋಮ್ ಹೊರವಲಯದ ಬ್ಲ್ಯಾಕೆಬರ್ಗ್ ಎಂಬ ಬಡಾವಣೆ, 1980ರ ದಶಕದ ಶುರು, ಹನ್ನೆರಡು ವರ್ಷದ ಓಸ್ಕರ್. ಚಿತ್ರಕ್ಕೆ ಆಧಾರವಾದ ಕಾದಂಬರಿ ಬರೆದ ಯೋನ್ ಐವಿಡೆ ಲಿಂಡ್‌ಕ್ವಿಸ್ಟ್ ಬೆಳೆದದ್ದು ಅದೇ ಬಡಾವಣೆಯಲ್ಲಿ. 2004ರಲ್ಲಿ ಕಾದಂಬರಿ ಬಂತು, ಚಿತ್ರಕತೆಯನ್ನೂ ಅವರೇ ಬರೆದರು. ಓಸ್ಕರ್ ಬಲಿಪಶುವೇ ಹೌದು. ಆದರೆ ಅವನ ಹತ್ತಿರ ಚಾಕು ಇದೆ. ಕೊಲೆಗಳ ಸುದ್ದಿಯನ್ನು ಪೇಪರಿನಿಂದ ಕತ್ತರಿಸಿ ಜೋಪಾನ ಮಾಡುತ್ತಾನೆ. ರಾತ್ರಿ ಅಂಗಳಕ್ಕೆ ಹೋಗಿ, ತನ್ನನ್ನು ಕಾಡುವವರು ಆಡಿದ ಮಾತನ್ನೇ ಒಂದು ಮರಕ್ಕೆ ಆಡುತ್ತಾ ಅದಕ್ಕೆ ಚಾಕು ಚುಚ್ಚುತ್ತಾನೆ. ಹುಡುಗಿಯ ರೂಪದ ರಕ್ತಪಿಶಾಚಿ ಎಲಿ ಅವನ ಹಿಂದೆ ಬಂದು ನಿಲ್ಲುವುದು ಆಗ. ಅವನು ಅಳುವಾಗ ಬರಲಿಲ್ಲ ನೋಡು, ಚುಚ್ಚುವಾಗ ಬಂದಳು. ಬಂದವಳ ಮೊದಲ ಮಾತುಗಳಲ್ಲೊಂದು, ನಾನು ನಿನಗೆ ಗೆಳತಿಯಾಗಲಾರೆ ಎಂಬುದು. ನಿನ್ನ ಹುಡುಗಿ ಬಂದ ತಕ್ಷಣ "ಹೆದರಬ್ಯಾಡ, ನಾ ಇದ್ದೀನಿ" ಅಂತಾಳೆ. ಒಬ್ಬಂಟಿ ಮಗುವಿಗೆ ಯಾರೂ ಅಷ್ಟು ಬೇಗ ಹಾಗೆ ಅನ್ನುವುದಿಲ್ಲ, ಅಂದರೂ ಆ ಮಗು ನಂಬುವುದಿಲ್ಲ.

ಅವರ ಸ್ನೇಹ ಬೆಳೆಯುವುದು ಎಷ್ಟು ಸಣ್ಣ ವಸ್ತುಗಳಿಂದ! ಓಸ್ಕರ್ ತನ್ನ ರೂಬಿಕ್ ಕ್ಯೂಬ್ ಕೊಡುತ್ತಾನೆ, ಅವಳು ಅದನ್ನು ಬಿಡಿಸಿ ಇಡುತ್ತಾಳೆ. ಪಕ್ಕಪಕ್ಕದ ಮನೆಗಳ ನಡುವಿನ ಗೋಡೆಗೆ ಬಡಿದು ಮೋರ್ಸ್ ಸಂಕೇತದಲ್ಲಿ ಮಾತಾಡಿಕೊಳ್ಳುತ್ತಾರೆ. ನಿನ್ನ ಕತೆಯಲ್ಲಿ ಆ ವಸ್ತು ಆಗಲೇ ಇದೆ, ನೀನು ಗಮನಿಸಿಲ್ಲ ಅಷ್ಟೆ. ರೊಟ್ಟಿ. ಅವಳು ತಿನ್ನಲಾರಳು, ಆದರೂ ಅವನು ಮುರಿದು ಕೊಟ್ಟಾಗ ಕೈಯಲ್ಲಿ ಹಿಡಿದುಕೊಂಡು ಕೂಡಬಹುದು. ಅವಳ ಎದುರಿಗೆ ಅವನು ಮೊದಲ ಸಲ ಸಪ್ಪಳ ಮಾಡಿ ಕಟಕಟ ಕಡಿಯಬಹುದು. ಇದು ನನ್ನ ಆಸೆ. ಹೇಗೆ ಬರೆಯುತ್ತೀಯೋ ನಿನಗೆ ಬಿಟ್ಟದ್ದು.

ಇನ್ನು ಮಂಜಿನ ಮಾತು. ಯಾದಗಿರಿಯ ಗುಡ್ಡಕ್ಕೆ ಆ ದಟ್ಟ ಮಂಜನ್ನು ಎಲ್ಲಿಂದ ತಂದೆ ತಮ್ಮಾ? 2010ರಲ್ಲಿ ಅಮೆರಿಕದವರು ಇದೇ ಕತೆಯನ್ನು ಮತ್ತೆ ಚಿತ್ರ ಮಾಡಿದಾಗ ನ್ಯೂ ಮೆಕ್ಸಿಕೊದ ಲಾಸ್ ಅಲಮೋಸ್‌ಗೆ ಒಯ್ದರು, ಅಲ್ಲೂ ಹಿಮವನ್ನು ಬಿಡಲಿಲ್ಲ. ನೀನು ಬಿಡು. ಸ್ಟಾಕ್‌ಹೋಮ್‌ನಲ್ಲಿ ಡಿಸೆಂಬರ್ ಕೊನೆಯ ಹೊತ್ತಿಗೆ ಮಧ್ಯಾಹ್ನ ಮೂರಕ್ಕೆ ಮೊದಲೇ ಹೊತ್ತು ಮುಳುಗುತ್ತದೆ. ಶಾಲೆ ಬಿಡುವ ವೇಳೆಗೆ ಕತ್ತಲು ಕಾದಿರುತ್ತದೆ. ಅಲ್ಲಿಯ ದೆವ್ವಕ್ಕೆ ಚಳಿಗಾಲವೇ ಮನೆ. ನಮ್ಮದು ಬೇರೆ. ಮೇ ತಿಂಗಳಲ್ಲಿ 43, 44 ಡಿಗ್ರಿ ಬಿಸಿಲು. ಮಟಮಟ ಮಧ್ಯಾಹ್ನ ಓಣಿಯಲ್ಲಿ ನಾಯಿ ಕೂಡ ತಿರುಗುವುದಿಲ್ಲ, ಬಾಗಿಲು ಕಿಟಕಿ ಎಲ್ಲ ಬಂದ್. "ಹೊರಗ ಹೋಗಬ್ಯಾಡ, ದೆವ್ವ ಅಡ್ಡಾಡೋ ಹೊತ್ತು" ಅಂತ ನಮ್ಮ ಅವ್ವ ಹೇಳುತ್ತಿದ್ದುದು ನಡುರಾತ್ರಿಗೆ ಮಾತ್ರ ಅಲ್ಲ, ನಡು ಮಧ್ಯಾಹ್ನಕ್ಕೂ. ನಮ್ಮ ಸೀಮೆಯ ಭಯ ಬೆಳಕಿನಲ್ಲೂ ಇದೆ.

ಇಲ್ಲೇ ನಿನ್ನ ಕತೆಯ ಕೀಲು ಇದೆ ಅಂತ ನನಗನ್ನಿಸುತ್ತದೆ. ರಕ್ತಪಿಶಾಚಿ ಬಿಸಿಲಿಗೆ ಸಾಯುತ್ತದೆ ಎನ್ನುವುದು ಬಹಳ ಹಳೆಯ ನಿಯಮವೇನಲ್ಲ. 1897ರ 'ಡ್ರಾಕುಲಾ' ಕಾದಂಬರಿಯಲ್ಲಿ ಅವನು ಹಗಲು ಹೊತ್ತೂ ಓಡಾಡುತ್ತಾನೆ. 1922ರ ಜರ್ಮನ್ ಮೂಕಿಚಿತ್ರ 'ನೊಸ್ಫೆರಾಟು' ಬಂದ ಮೇಲೆ ಬಿಸಿಲು ಅವರಿಗೆ ಸಾವಾಯಿತು. ಈ ನಿಯಮವನ್ನು ನೀನು ಒಪ್ಪಿಕೊಂಡರೆ ಏನಾಗುತ್ತದೆ ನೋಡು: ಮಕ್ಕಳನ್ನು ಸತಾಯಿಸುವುದು ಹಗಲಲ್ಲಿ. ಶಾಲೆಯ ಅಂಗಳದಲ್ಲಿ, ನಲ್ಲಿಯ ಹತ್ತಿರ, ಊಟದ ಸಾಲಿನಲ್ಲಿ, ಮಾಸ್ತರರು ಬೆನ್ನು ತಿರುಗಿಸಿದಾಗ. ಗೆಳತಿ ಬರುವುದು ಹೊತ್ತು ಮುಳುಗಿದ ಮೇಲೆ. ಬೇಕಾದ ಹೊತ್ತಿಗೆ ಅವಳು ಇಲ್ಲ! ಆ ಚಿತ್ರದಲ್ಲಿ ಅವಳು ಓಸ್ಕರನಿಗೆ ತಿರುಗಿ ಹೊಡೆ ಅಂತ ಹೇಳಿಕೊಡುತ್ತಾಳೆ. ಹಗಲಲ್ಲಿ, ಹೆಪ್ಪುಗಟ್ಟಿದ ನೀರಿನ ಮೇಲೆ, ಅವನು ಒಬ್ಬನೇ ಕೋಲೆತ್ತಿ ತನ್ನನ್ನು ಕಾಡುವ ಹುಡುಗನ ಕಿವಿಗೆ ಬಾರಿಸುತ್ತಾನೆ. ಅವನ ಮುಖದ ಮೇಲೆ ನಿಧಾನವಾಗಿ ಹರಡುವ ಸಮಾಧಾನ ನನ್ನನ್ನು ಎಷ್ಟು ಹೆದರಿಸಿತೆಂದರೆ, ಹಲ್ಲು ರಕ್ತ ಯಾವುದೂ ಅಷ್ಟು ಹೆದರಿಸಲಿಲ್ಲ. ಆ ಸಮಾಧಾನ ನನಗೆ ಪರಿಚಯದ್ದಾಗಿತ್ತು.

ನಿನ್ನ ಹುಡುಗನ ನಡು ಮಧ್ಯಾಹ್ನಗಳನ್ನು ಬರೆ. ಅವಳು ಗುಡ್ಡದ ಯಾವುದೋ ಕತ್ತಲ ಮೂಲೆಯಲ್ಲಿ ಬಿಸಿಲಿಗೆ ಹೆದರಿ ಮುದುಡಿದ್ದಾಳೆ, ಇವನು ಕೆಳಗೆ ಕಾದ ಅಂಗಳದಲ್ಲಿ ಬರಿಗಾಲಲ್ಲಿ ನಿಂತಿದ್ದಾನೆ, ಚಪ್ಪಲಿ ಆ ಮೂವರ ಕೈಯಲ್ಲಿದೆ. ಇಬ್ಬರನ್ನೂ ಸುಡುವುದು ಒಂದೇ ಬಿಸಿಲು.

ಕರೆದರೆ ಮಾತ್ರ ಒಳಗೆ ಬರುವ ನಿಯಮವನ್ನು ನೀನು ಬಿಟ್ಟೇಬಿಟ್ಟಿದ್ದೀಯ. ದಯವಿಟ್ಟು ಬಿಡಬೇಡ. ಮನೆಯವರು ಕರೆಯದೆ ಆ ಜೀವ ಹೊಸ್ತಿಲು ದಾಟುವಂತಿಲ್ಲ ಎಂಬುದು 'ಡ್ರಾಕುಲಾ'ದಲ್ಲೂ ಇದೆ. ನಮಗೆ ಇದು ಹೊರಗಿನದು ಅಂತ ಅನ್ನಿಸುವುದೇ ಇಲ್ಲ. 1990ರ ದಶಕದಲ್ಲಿ ರಾತ್ರಿ ದೆವ್ವ ಬಂದು ನಮ್ಮವರದೇ ದನಿಯಲ್ಲಿ ಕರೆಯುತ್ತದೆಂದು ಜನ ಬಾಗಿಲ ಮೇಲೆ 'ನಾಳೆ ಬಾ' ಅಂತ ಬರೆದದ್ದು ನಿನ್ನ ಅಪ್ಪನಿಗೆ ನೆನಪಿರುತ್ತದೆ, ಕೇಳು. ಬಂದ ದೆವ್ವ ಓದಿಕೊಂಡು ಹೋಗುತ್ತದೆ, ನಾಳೆ ಬಂದು ಮತ್ತೆ ಅದನ್ನೇ ಓದುತ್ತದೆ. ಹೊಸ್ತಿಲಿಗೆ ಅರಿಶಿನ ಕುಂಕುಮ ಹಚ್ಚುವ ನಮಗೆ ಯಾರನ್ನು ಒಳಗೆ ಬಿಡಬೇಕು, ಯಾರನ್ನು ಹೊರಗೆ ನಿಲ್ಲಿಸಬೇಕು ಎಂಬುದು ದಿನದ ಬದುಕು. ಯಾವ ಮನೆಯಲ್ಲಿ ಯಾರನ್ನು ಕಟ್ಟೆಯ ಮೇಲೆಯೇ ಕೂಡಿಸಿ ನೀರು ಕೊಡುತ್ತಾರೆ, ಅದೂ ಮೇಲಿನಿಂದ ಹೊಯ್ದು, ಅಂತ ನಿನಗೆ ನಾನು ಹೇಳಬೇಕಾಗಿಲ್ಲ. ಆ ಚಿತ್ರದಲ್ಲಿ ಓಸ್ಕರ್ ಹಟಕ್ಕೆ ಬಿದ್ದು, ಕರೆಯದಿದ್ದರೆ ಏನಾಗುತ್ತದೆ ನೋಡೋಣ ಅಂತ ಬಾಯಿಬಿಡದೆ ಕೈಸನ್ನೆ ಮಾಡುತ್ತಾನೆ. ಅವಳು ಒಳಗೆ ಬಂದು ನಿಲ್ಲುತ್ತಾಳೆ. ಮೈಯಿಂದ, ಕಣ್ಣಿಂದ, ಕಿವಿಯಿಂದ ರಕ್ತ ಒಸರತೊಡಗುತ್ತದೆ. ಆಗ ಅವನು ಗಾಬರಿಯಾಗಿ, ಬಾ, ನೀನು ಒಳಗೆ ಬರಬಹುದು ಅಂತ ಕೂಗಿ ತಬ್ಬಿಕೊಳ್ಳುತ್ತಾನೆ. ಸತಾಯಿಸಿಕೊಂಡ ಮಗುವೂ ತನ್ನ ಕೈಗೆ ಸ್ವಲ್ಪ ಅಧಿಕಾರ ಸಿಕ್ಕ ಗಳಿಗೆಯಲ್ಲಿ ಸತಾಯಿಸಿತು. ಇದನ್ನು ತೋರಿಸುವ ಧೈರ್ಯ ಎಷ್ಟು ಜನರಿಗಿದೆ!

ಆದರೆ ನಿನ್ನ ಹುಡುಗನ ಕಷ್ಟ ಓಸ್ಕರನಿಗಿಂತ ದೊಡ್ಡದು. ಅವನಿಗೆ ಸ್ವಂತ ಬಾಗಿಲೇ ಇಲ್ಲ. ಹಾಸ್ಟೆಲಿನ ಹಾಲು ನಲವತ್ತು ಹುಡುಗರದು. ಅವನದು ಅಂತ ಇರುವುದು ಗೋಡೆಗೆ ಹೊಂದಿಸಿಟ್ಟ ಒಂದು ತಗಡಿನ ಟ್ರಂಕು, ಅದರ ಸಣ್ಣ ಬೀಗ, ಉಡದಾರಕ್ಕೆ ಕಟ್ಟಿಕೊಂಡ ಕೀಲಿ. "ಒಳಗ ಬಾ" ಅಂತ ಅವನು ಎಲ್ಲಿ ನಿಂತು, ಯಾವ ಜಾಗಕ್ಕೆ ಕರೆಯುತ್ತಾನೆ? ನಾನು ಎರಡು ದಿನ ಇದನ್ನೇ ಯೋಚಿಸಿದೆ. ಆ ಟ್ರಂಕಿನ ಮುಚ್ಚಳ ತೆರೆಯುವುದೇ ಅವನ ಕರೆಯಾಗಬಹುದು. ಅದರೊಳಗೆ ಏನೇನಿದೆ ಅಂತ ಇಡೀ ಪುಟ ಬರೆ, ಅವಸರ ಮಾಡಬೇಡ. ಚಿತ್ರದ ಕೊನೆಯಲ್ಲಿ ಎಲಿಯೂ ಒಂದು ಪೆಟ್ಟಿಗೆಯಲ್ಲಿದ್ದಾಳೆ. ಓಸ್ಕರ್ ರೈಲಿನಲ್ಲಿ ಅದರ ಪಕ್ಕ ಕೂತಿದ್ದಾನೆ, ಒಳಗಿನಿಂದ ಅವಳು ಬಡಿಯುತ್ತಾಳೆ, ಇವನೂ ಬಡಿದು ಉತ್ತರ ಕೊಡುತ್ತಾನೆ. ನಿನ್ನ ಊರಲ್ಲೂ ರೈಲು ನಿಲ್ಲುತ್ತದೆ ನಿಜ, ಆದರೆ ರೈಲನ್ನು ಅಲ್ಲಿಂದ ತರಬೇಡ. ಟ್ರಂಕು ನಿನ್ನದೇ, ಅದು ಸಾಕು.

ಎಲಿಯ ಜೊತೆ ಮೊದಲಿಂದ ಒಬ್ಬ ವಯಸ್ಸಾದ ಗಂಡಸು ಇರುತ್ತಾನಲ್ಲ, ಅವಳಿಗಾಗಿ ಜನರನ್ನು ಕೊಂದು ರಕ್ತ ತರುವವನು, ಅವನನ್ನು ಮರೆಯಬೇಡ. ರೈಲಿನಲ್ಲಿ ಕೂತ ಓಸ್ಕರನ ಮುಖ ನೋಡುವಾಗ ಆ ಮುದುಕನ ಮುಖ ನೆನಪಾಗುತ್ತದೆ. ಚಿತ್ರ ಏನನ್ನೂ ಬಾಯಿಬಿಟ್ಟು ಹೇಳುವುದಿಲ್ಲ. ಗೆಳೆತನ ಸಿಕ್ಕ ಸಂತೋಷವೂ ಅದಕ್ಕೆ ತೆರಬೇಕಾದ ಬೆಲೆಯೂ ಒಟ್ಟಿಗೇ ಆ ಸೀಟಿನ ಮೇಲೆ ಕೂತಿರುತ್ತವೆ.

ಕೊನೆಗೆ ನಿನ್ನ ಆ ಮೂವರು. ಮೂವರೂ ಒಂದೇ ಅಚ್ಚಿನವರು, ಒಂದೇ ಥರ ನಗುತ್ತಾರೆ, ಒಂದೇ ರಾತ್ರಿ ಸಾಯುತ್ತಾರೆ. ಆ ಚಿತ್ರದ ಈಜುಕೊಳದ ದೃಶ್ಯ ನೆನಪಿಸಿಕೋ. ಓಸ್ಕರನ ತಲೆಯನ್ನು ನೀರಲ್ಲಿ ಒತ್ತಿ ಹಿಡಿದಾಗ ಕ್ಯಾಮೆರಾ ಅವನ ಜೊತೆ ನೀರೊಳಗೇ ಉಳಿಯುತ್ತದೆ. ಮೇಲಿನ ಕೂಗು ಮಬ್ಬಾಗಿ ಕೇಳುತ್ತದೆ, ಎಲಿ ಎಳೆದೊಯ್ಯುವ ಹುಡುಗನ ಕಾಲುಗಳು ನೀರನ್ನು ಸೀಳುತ್ತವೆ, ಕತ್ತರಿಸಿದ ತೋಳು ಮುಳುಗುತ್ತದೆ. ಎಲ್ಲ ಮುಗಿದ ಮೇಲೆ, ಕಾಡುವ ಗುಂಪಿನಲ್ಲಿದ್ದ ಒಬ್ಬ ಹುಡುಗ ಮಾತ್ರ ದಂಡೆಯ ಬೆಂಚಿನ ಮೇಲೆ ಅಳುತ್ತಾ ಉಳಿದಿರುತ್ತಾನೆ.

ಆ ಬೆಂಚಿನ ಹುಡುಗನ ಬಗ್ಗೆ ನಾನು ಇದುವರೆಗೂ ಎಲ್ಲೂ ಬರೆದಿಲ್ಲ, ನಿನಗೆ ಹೇಳುತ್ತೇನೆ. ನನ್ನನ್ನು ಬಾವಿಯಲ್ಲಿ ಮುಳುಗಿಸಿದ ಮರುವರ್ಷ ಅದೇ ಹುಡುಗ ಇನ್ನೊಬ್ಬನನ್ನು ಮುಳುಗಿಸಿದ. ನನಗಿಂತ ಸಣ್ಣವನು, ಮಾತು ತೊದಲುವವನು. ಆಗ ನಾನು ಮೆಟ್ಟಿಲ ಮೇಲೆ ಕೂತಿದ್ದೆ, ಕಾಲು ನೀರಲ್ಲಿತ್ತು. ನಕ್ಕೆ. ಈ ಸಲ ನಾನಲ್ಲವಲ್ಲ ಎಂಬ ಖುಷಿಗೆ ನಕ್ಕೆ. ಅವನೂ ನೀರೊಳಗಿನಿಂದ ನನ್ನ ಹೆಬ್ಬೆರಳು ನೋಡಿರಬೇಕು.

ನಿನ್ನ ಮೂವರಲ್ಲಿ ಒಬ್ಬ ಆ ಮೆಟ್ಟಿಲ ಮೇಲೆ ಕೂತವನಾಗಲಿ. ಹೋದ ವರ್ಷ ಅವನೂ ಕಕ್ಕಸಿನಲ್ಲಿ ನಿಂತು ರೊಟ್ಟಿ ತಿಂದವನೇ ಇರಬಹುದು. ಅವಳು ಬಂದ ರಾತ್ರಿ ಅವನನ್ನು ಏನು ಮಾಡುತ್ತಾಳೆ? ನನಗೆ ಗೊತ್ತಿಲ್ಲ. ನೀನು ಬರೆದಾಗ ಓದುತ್ತೇನೆ.

ಐದನೆಯ ಪುಟವನ್ನು ಹರಿಯಬೇಡ, ಬೇರೆ ಇಡು. ಮೊದಲ ಎರಡು ಪುಟ ಇದ್ದ ಹಾಗೇ ಇರಲಿ, ಒಂದಕ್ಷರ ಮುಟ್ಟಬೇಡ. ಮಳೆಗಾಲ ಹಿಡಿಯುವ ಮುಂಚೆ ಒಂದು ಭಾನುವಾರ ಬಾ, ಬೆಳಗಿನ ಗಾಡಿಗೆ ಬಂದರೆ ಊಟಕ್ಕೆ ಸರಿಹೋಗುತ್ತದೆ. ಕಾಕಿ ನಿನ್ನ ಕತೆ ತಾನೂ ಓದಿದಳು, ಎರಡನೆಯ ಪುಟದವರೆಗೆ ಮಾತ್ರ. ಮುಂದೆ ಓದುವುದಿಲ್ಲವಂತೆ. "ಆ ಕೂಸಿಗೆ ಕಟಕ್ ರೊಟ್ಟಿ ಯಾಕ ಕಟ್ಟಿದ್ರು, ಬಿಸಿ ರೊಟ್ಟಿ ಮಡಚಿ ಕಟ್ಟಬೇಕಿತ್ತು, ಸಪ್ಪಳ ಆಗ್ತಿರಲಿಲ್ಲ" ಅಂತ ನಿನ್ನೆ ರಾತ್ರಿ ಊಟ ಬಡಿಸುತ್ತಾ ಮತ್ತೆ ಅಂದಳು.

ನಿನ್ನ
ಕಾಕಾ