ಎಂಟು ವರ್ಷ ಅಂದದ್ದು ಬ್ಯಾಟರಿಗೆ

ಗೆಳೆಯಾ,

ಡಾಕ್ಟರು "ಎಂಟು ವರ್ಷ" ಅಂದದ್ದು ನಿನ್ನ ಎಡ ಎದಿಯಾಗ ಕೂಡಿಸಿದ ಐಸಿಡಿ ಅನ್ನೂ ಡಬ್ಬಿಯ (ಹೃದಯದ ಬಡಿತ ಹುಚ್ಚೆದ್ರ ಶಾಕ್ ಕೊಟ್ಟು ದಾರಿಗೆ ತರೂ ಮಷೀನ್) ಬ್ಯಾಟರಿಗೆ, ನಿನಗಲ್ಲ. ಹುಬ್ಬಳ್ಳಿಯಿಂದ ಹಾವೇರಿತನಕ ಬಸ್ಸಿನ್ಯಾಗ ಅದನ್ನ ಎಣಿಸಿಕೋತ ಕುಂತಿದ್ದೆ ಅಂತ ಬರದೀಯಲ್ಲ, ಆ ಲೆಕ್ಕ ಹರದು ಒಗಿ.

ಐಸಿಡಿ ಬ್ಯಾಟರಿ ಸಾಧಾರಣ 7ರಿಂದ 10 ವರ್ಷ ಬಾಳತದ. ಒಂದೊಂದು ಶಾಕ್ ಸುಮಾರು ಒಂದು ತಿಂಗಳ ಬ್ಯಾಟರಿ ತಿಂತದ, ಅದಕ್ಕ ಒಬ್ಬೊಬ್ಬರಿಗೆ ಒಂದೊಂದು ಲೆಕ್ಕ. ಮುಗಿಯೋ ಮೂರು ತಿಂಗಳು ಮುಂಚೇನ ಮಷೀನ್ ಸೂಚನಾ ಕೊಡತದ. ಕೆಲವು ಪೀಂ ಪೀಂ ಅಂತಾವ, ಕೆಲವು ಚರ್ಮದ ಕೆಳಗ ಫೋನ್ ಅದರಿದಂಗ ಅದರತಾವ. ಆವಾಗ ಡಬ್ಬಿ ಅಷ್ಟ ಬದಲಿ. ಹೃದಯದಾಗಿನ ವಾಯರ್ ಚಲೋ ಇದ್ರ ಅದನ್ನ ಮುಟ್ಟೂದಿಲ್ಲ.

ಇನ್ನ ನಿನ್ನ ಆಯಸ್ಸು. ಈ ಡಬ್ಬಿ ಹೃದಯಕ್ಕ ಬಲ ಕೊಡೂದಿಲ್ಲ. ಬಡಿತ ಒಮ್ಮಿಲೇ ಹುಚ್ಚೆದ್ದು ಕುಂತಲ್ಲೇ ಜೀವ ಹೋಗತದಲ್ಲ, ಆ ಒಂದು ಸಾವನ್ನ ತಡೀತದ. ಹೃದಯದ ಪಂಪಿಂಗ್, ಅಂದ್ರ ಒಂದು ಬಡಿತಕ್ಕ ತನ್ನೊಳಗಿನ ರಕ್ತದಾಗ ಹೊರಗ ದೂಡೂ ಪಾಲು, ನೂರಕ್ಕ 35 ಅಥವಾ ಅದಕ್ಕಿಂತ ಕಡಿಮಿ ಇದ್ದ 2,521 ಮಂದಿ ಮ್ಯಾಲೆ ನಡದ ಅಧ್ಯಯನ 2005ರಾಗ ಪ್ರಕಟ ಆತು. ಐದು ವರ್ಷದಾಗ ಡಬ್ಬಿ ಇಲ್ಲದವರಾಗ ನೂರಕ್ಕ 36 ಮಂದಿ ತೀರಿಕೊಂಡ್ರ, ಡಬ್ಬಿ ಇದ್ದವರಾಗ 29. ನೂರಕ್ಕ ಏಳು ಜೀವ ಸಣ್ಣ ಮಾತಲ್ಲ. ಆದ್ರ ಆ 29 ಮಂದಿ ಕಡೆನೂ ನೋಡು. ಹೃದಯ ಸೋತು ಸೋತು ಹೋಗೋರಿಗೆ ಡಬ್ಬಿ ಹತ್ರ ಮದ್ದಿಲ್ಲ, ಗುಳಿಗಿ ಹತ್ರ ಅದ. ಸಕುಬಿಟ್ರಿಲ್-ವಲ್ಸಾರ್ಟಾನ್, ಡಾಪಾಗ್ಲಿಫ್ಲೋಜಿನ್ ಇವೆಲ್ಲಾ ಆ ಅಧ್ಯಯನ ಆದ ಮ್ಯಾಲ ಬಂದಾವ. ಅದಕ್ಕ ಆ ಹಳೇ ಅಂಕಿ ನಿನಗ ಹಂಗ ಹೊಂದೂದಿಲ್ಲ. ನಿನ್ನ ವರ್ಷ ನಿಂತದ್ದು ಪಂಪಿಂಗ್, ಕಿಡ್ನಿ, ಸಕ್ರಿ, ಮತ್ತ ದಿನಾ ತಪ್ಪದ ನುಂಗೂ ಗುಳಿಗಿ ಮ್ಯಾಲೆ.

ಮಂದಿ ಎಡವೂದೂ ಅಲ್ಲೇ. "ಮಷೀನ್ ಕೂಡಿಸ್ಯಾರಲ್ಲ" ಅಂತ ಬಡಿತ ಹಿಡಿತದಾಗ ಇಡೂ ಮೆಟೊಪ್ರೊಲಾಲ್ ಗುಳಿಗಿ ಬಿಟ್ಟುಬಿಡತಾರ, ಆಮ್ಯಾಲ ಶಾಕ್ ಮ್ಯಾಲೆ ಶಾಕ್. ವಾಂತಿ-ಭೇದಿ ಆಗಿ ಪೊಟ್ಯಾಸಿಯಂ ಇಳದ್ರೂ ಅದ ಕತಿ. ಹಂಗಂತ ಅಂಗಡ್ಯಾಗಿನ "ಕಡಿಮಿ ಸೋಡಿಯಂ ಉಪ್ಪು" ತರಬ್ಯಾಡ. ಅದರಾಗ ಇರೂದು ಪೊಟ್ಯಾಸಿಯಂ. ಪೊಟ್ಯಾಸಿಯಂ ಮೈಯಾಗ ಉಳಿಸೂ ಸ್ಪೈರೊನೊಲ್ಯಾಕ್ಟೋನ್ ಗುಳಿಗಿ ತಗೊಳ್ಳೋರಿಗೆ ಅದು ಏರಿ ಇನ್ನೊಂದು ಗಂಡಾಂತರ. ಉಪ್ಪಿನಕಾಯಿ, ಹಪ್ಪಳ ಕಡಿಮಿ ಮಾಡು, ಸಾಕು. ಮುಂಜಾನೆ ಎದ್ದ ಕೂಡಲೇ ತೂಕ ನೋಡು; ಮೂರು ದಿನದಾಗ 2 ಕಿಲೋ ಏರಿದ್ರ ಅದು ಮೈಯಾಗ ನಿಂತ ನೀರು, ಡಾಕ್ಟರಿಗೆ ಫೋನ್ ಮಾಡು.

ಶಾಕ್ ಬಗ್ಗೆ ಭಾಳ ಅಂಜಿದಂಗ ಕಾಣತದ. ಬಡಿತ ಜೋರಾದ್ರ ಡಬ್ಬಿ ಸಾಧ್ಯ ಇದ್ದಲ್ಲಿ ಮೊದಲ ಅದಕ್ಕಿಂತ ತುಸು ಲಗು ಲಗು ತಟ್ಟಿ ದಾರಿಗೆ ತರತದ. ಅದು ನಿನಗ ಗೊತ್ತ ಆಗಲಿಕ್ಕಿಲ್ಲ. ಬಗ್ಗಲಿಲ್ಲ ಅಂದ್ರ ಹತ್ತು ಸೆಕೆಂಡ್ ಹತ್ರ ಚಾರ್ಜ್ ಆಗಿ 35–40 ಜೂಲ್ ಹೊಡೀತದ. ಎಚ್ಚರ ಇದ್ರ ಎತ್ತು ಎದಿಗೆ ಒದ್ದಂಗ, ಕ್ಷಣದಾಗ ಮುಗೀತು. ಒಂದ ಶಾಕ್, ಆಮ್ಯಾಲ ಆರಾಮ ಇದ್ರ ಅವತ್ತ ಡಾಕ್ಟರಿಗೆ ಹೇಳಿ ಚೆಕ್ ಮಾಡಸು. 24 ತಾಸಿನ್ಯಾಗ ಎರಡು ಹೊಡದ್ರ, ಇಲ್ಲಾ ಒಂದ ಹೊಡದ ಮ್ಯಾಲೂ ಎದಿನೋವು, ದಮ್ಮು, ಚಕ್ಕರ್ ಇದ್ರ 108. ಎಚ್ಚರ ತಪ್ಪಿ ಉಸಿರಾಟ ನಿಂತ್ರ ಮನಿಯವರು ಎದಿ ಒತ್ತಲಿ, ಡಬ್ಬಿ ಅದ ಅಂತ ಹಿಂದ ಸರೀಬಾರದು. ಮುಟ್ಟಿದವರಿಗೆ ಭಾಳ ಅಂದ್ರ ಜುಮ್ ಅಂತದ. ಶಾಕ್ ಆದ ಮ್ಯಾಲ ಬೈಕು, ಟ್ರ್ಯಾಕ್ಟರ್ 3ರಿಂದ 6 ತಿಂಗಳು ಬಂದ್. ಎಷ್ಟು ಅನ್ನೂದು ಡಾಕ್ಟರ ಮಾತು.

ಕಾರಣ ಇಲ್ಲದ ಶಾಕೂ ಬರತಾವ. ವಾಯರ್ ಒಳಗ ಸೀಳಿದ್ರ, ಇಲ್ಲಾ ಹೃದಯದ ಮ್ಯಾಲಿನ ಕೋಣಿ ಬಡಿತ ತಪ್ಪಿ ಓಡಿದ್ರ ಡಬ್ಬಿ ಮೋಸ ಹೋಗತದ. ನಿನಗ ಹೇಳಬೇಕಾದ್ದು ಮೂರನೇದು: ಬೋರ್‌ವೆಲ್ ಪಂಪು. ಅರ್ಥಿಂಗ್ ಸರಿ ಇಲ್ಲದ ಸ್ಟಾರ್ಟರ್ ಡಬ್ಬಿಯನ್ನ ಹಸಿ ಕೈಲೆ, ಬರಿಗಾಲಿಲೆ ಮುಟ್ಟಿದ್ರ ಸಣ್ಣ ಲೀಕೇಜ್ ಕರೆಂಟ್ ಮೈಯಾಗ ಹರೀತದ. ಕೈಗೆ ಜುಮ್ ಅನ್ನದಷ್ಟು ಸಣ್ಣದಿರಬಹುದು. ಐಸಿಡಿಗೆ ಮಾತ್ರ ಆ 50 ಹರ್ಟ್ಸ್ ಕಂಪನ ಹೃದಯದ ಹುಚ್ಚು ಬಡಿತ ಅನಸತದ, ಹೊಡದ ಬಿಡತದ. ಮೆಣಸಿನಕಾಯಿಗೆ ನೀರ ಬಿಡೂ ಮೊದಲ ಅರ್ಥಿಂಗ್ ತೆಗ್ಗು ನೋಡಸು, ಲೀಕೇಜ್ ಆದ್ರ ಕರೆಂಟ್ ಕಡಿಯೂ 30 ಮಿಲಿಆಂಪ್ ಆರ್‌ಸಿಸಿಬಿ ಸ್ವಿಚ್ ಹಾಕಸು. ಮನ್ಯಾಗ ವಾಷಿಂಗ್ ಮಷೀನಿಗೂ ಇದ ಮಾತು.

ಎಡಗೈ ಆರು ವಾರ ಭುಜದ ಮ್ಯಾಲೆ ಎತ್ತಬ್ಯಾಡ. ಚಿಗರಿ ಬಸ್ಸಿನ್ಯಾಗ ಮ್ಯಾಲಿನ ಹಿಡಿಕಿಗೆ ಬಲಗೈ ಹಾಕು. ತುಂಬಿದ ಕೊಡ ಎತ್ತಬ್ಯಾಡ. ಆದ್ರ ಕೈ ಕಟ್ಟಿಕೊಂಡೂ ಕೂಡಬ್ಯಾಡ, ಭುಜ ಹಿಡಕೊಂಡ ಬಿಡತದ. ಡಬ್ಬಿಯನ್ನ ಚರ್ಮದ ಮ್ಯಾಲಿಂದ ತಿರುವೂ ಚಟ ಕೆಲವರಿಗೆ. ತಿರುವಿ ತಿರುವಿ ವಾಯರ್ ದಾರದಂಗ ಸುತ್ತಿ ಹೃದಯದಿಂದ ಕಿತ್ತ ಬರತದ. ಗಾಯ ಕೆಂಪಾದ್ರ, ಸೋರಿದ್ರ ಊರಾಗ ಯಾರ ಕೈಲೂ ಸೂಜಿ ಚುಚ್ಚಿಸಬ್ಯಾಡ, ಹಾಕಿದವರ ಹತ್ರನ ಹೋಗು.

ಫೋನ್ ಎಡ ಜೇಬಿನ್ಯಾಗ ಬ್ಯಾಡ, 15 ಸೆಂಟಿಮೀಟರ್ ದೂರ ಇರಲಿ. ಇಂಡಕ್ಷನ್ ಒಲಿಗೆ 60 ಸೆಂಟಿಮೀಟರ್. ಸ್ಟೇಶನ್ನಿನ ಮೆಟಲ್ ಡಿಟೆಕ್ಟರ್ ದಾಟಬಹುದು, ಅಲ್ಲೇ ನಿಂತು ಹರಟಿ ಹೊಡೀಬಾರದು. ಗಣಪತಿ ಮುಂದಿನ ಡಿಜೆ ಸೌಂಡಿನಿಂದ ಡಬ್ಬಿಗೆ ಏನೂ ಆಗೂದಿಲ್ಲ. ಸ್ಪೀಕರಿನ ಮ್ಯಾಗ್ನೆಟ್ಟು ಎದಿಗೆ ಹತ್ತಿದ್ರ ಮಾತ್ರ, ಅದು ಅಲ್ಲಿ ಇರೋತನಕ ಶಾಕ್ ಕೊಡೂ ಕೆಲಸ ಬಂದ್.

ಕೊನೀಗೆ ಒಂದು, ಮನ್ಯಾಗ ಎಲ್ಲಾರೂ ಕುಂತಾಗ ಹೇಳಿಡು. ಮುಂದ ಎಂದರ ಗುಣ ಆಗದ ಜಡ್ಡು ಬಂದ್ರ ಶಾಕ್ ಅಷ್ಟ ಬಂದ್ ಮಾಡಸಬಹುದು. ಕೊಯ್ಯೂದಿಲ್ಲ, ನೋವಿಲ್ಲ, ಹೊರಗಿನಿಂದ ಆಸ್ಪತ್ರಿಯ ಪ್ರೋಗ್ರಾಮರ್ ಮಷೀನ್ ಇಟ್ಟು ಒತ್ತಿದ್ರ ಮುಗೀತು, ಅದರಿಂದ ಯಾರೂ ಆ ಕ್ಷಣಕ್ಕ ಸಾಯೂದಿಲ್ಲ. ಸುಡೂ ಮನಿತನದವರಾದ್ರ ಡಬ್ಬಿ ಮೊದಲ ತಗಸಬೇಕು, ಬೆಂಕ್ಯಾಗ ಬ್ಯಾಟರಿ ಸಿಡೀತದ. ನಿಮ್ಮದು ಹೂಳೂ ಪದ್ಧತಿ, ಆ ಅಂಜಿಕಿ ಇಲ್ಲ.

ಡಬ್ಬಿಯ ವಿವರ ಇರೂ ಡಿವೈಸ್ ಕಾರ್ಡ್ ಪಾಕೀಟಿನ್ಯಾಗ ಇರಲಿ, ಫೋಟೋ ತಂಗೀಗೂ ನನಗೂ ಕಳಸು. ಎಂಆರ್‌ಐ ಮಾಡಸಬಹುದೋ ಇಲ್ಲೋ ಅನ್ನೂದಕ್ಕ ಡಬ್ಬಿ ಮಾಡೆಲ್ ಅಷ್ಟ ಸಾಲೂದಿಲ್ಲ, ವಾಯರಿನ ನಂಬರೂ ಬೇಕು. ಎರಡೂ ಕಾಣೂ ಹಂಗ ತಗಿ.

ನಿನ್ನ ಗೆಳೆಯ