ಪಾಕದ ಹದ ತೋರಿಸಿಕೊಟ್ಟ ತಾಯಿಗೆ

ತಮ್ಮ ಅಡುಗೆಯಿಂದ ಕಾಲದ ಗತಿಯನ್ನೇ ಬದಲಿಸಬಲ್ಲ ‘ಕಾಲಪಾಕಿಗರು’ ಎಂಬ ಕಾಲ್ಪನಿಕ ಬಾಣಸಿಗರ ಕುರಿತು ಕತೆ ಬರೆಯಲು ಹೊರಟು, ಅವರ ಕಸುಬಿನ ಗುಟ್ಟು ಹೊಳೆಯದೆ ತಿಂಗಳುಗಟ್ಟಲೆ ಕೈಚೆಲ್ಲಿ ಕುಳಿತಿದ್ದ ನನಗೆ, ಬಂಧುಗಳ ಮದುವೆಮನೆಯಲ್ಲಿ ಕಜ್ಜಾಯಕ್ಕೆ ಪಾಕ ತೆಗೆಯುತ್ತಿದ್ದ ಹಿರಿಯ ತಾಯಿಯೊಬ್ಬರು ದಾರಿ ತೋರಿದರು. ಹೆಸರು ಕೇಳುವಷ್ಟರಲ್ಲಿ ಅವರು ಊರಿಗೆ ಹೊರಟುಹೋಗಿದ್ದರಿಂದ ಕೃತಜ್ಞತೆಯನ್ನು ಇಲ್ಲಿಯೇ ಸಲ್ಲಿಸುತ್ತಿದ್ದೇನೆ.

ಕುದಿಯುತ್ತಿದ್ದ ಬೆಲ್ಲದ ಒಂದು ತೊಟ್ಟನ್ನು ತಣ್ಣೀರಿನ ಬಟ್ಟಲಿಗೆ ಬಿಟ್ಟು, ಅದು ಬೆರಳ ತುದಿಯಲ್ಲಿ ಮೆತ್ತಗೆ ಉಂಡೆಗಟ್ಟುವುದನ್ನು ನನಗೆ ತೋರಿಸಿ, “ನೋಡಪ್ಪಾ, ಇದಕ್ಕಿಂತ ಮೊದಲೇ ಇಳಿಸಿದರೆ ಎಣ್ಣೆಯಲ್ಲಿ ಬಿಚ್ಚಿಕೊಳ್ಳುತ್ತೆ, ತಡವಾದರೆ ಕಲ್ಲಾಗುತ್ತೆ” ಎಂದರು. ಅಕ್ಕಿಹಿಟ್ಟನ್ನು ಆ ಪಾಕಕ್ಕೆ ಕಲಸಿ, ಒಂದೆರಡು ದಿನ ಮುಚ್ಚಿಟ್ಟ ಮೇಲೆಯೇ ಅವರು ಕರಿಯುವುದಂತೆ. ಕಾಲವನ್ನು ಆಳಲು ನನ್ನ ಬಾಣಸಿಗರಿಗೆ ಮಂತ್ರ ಹುಡುಕುತ್ತಿದ್ದ ನಾನು, ಅದು ಒಲೆಯ ಮುಂದಿನ ಆ ಒಂದು ಗಳಿಗೆಯಲ್ಲೇ ಇರುವುದನ್ನು ಆಗ ಕಂಡೆ. ಮಹಾಭಾರತದ ನಳೋಪಾಖ್ಯಾನದಲ್ಲಿ, ಗುರುತು ಮರೆಸಿಕೊಂಡು ಬಾಹುಕನೆಂಬ ಹೆಸರಿನಲ್ಲಿದ್ದ ನಳ ಬೇಯಿಸಿದ ಅಡುಗೆಯನ್ನು ಬಾಯಿಗಿಟ್ಟೊಡನೆ ದಮಯಂತಿಗೆ ಅಗಲಿದ ಗಂಡನ ಕೈರುಚಿ ತಿಳಿದುಬಿಡುತ್ತದೆ. ಹೋದ ದಿನಗಳನ್ನು ನಾಲಿಗೆಯ ಮೇಲೆ ಮರಳಿ ತರುವ ಆ ಶಕ್ತಿ ನನಗೆ ಎಂದಿಗೂ ಸಣ್ಣದಾಗಿ ತೋರಿಲ್ಲ.

ಕತೆ ಈಗ ಮುಗಿದಿದೆ. ಅದರಲ್ಲಿನ ಮುದಿ ಕಾಲಪಾಕಿ ಬೆಲ್ಲದ ತೊಟ್ಟನ್ನು ನೀರಿಗೆ ಬಿಟ್ಟಾಗ, ಅದು ಉಂಡೆಗಟ್ಟುವವರೆಗೆ ಊರಿನ ಗಡಿಯಾರಗಳೆಲ್ಲ ನಿಲ್ಲುತ್ತವೆ. ಅವಳ ಕೈಯಲ್ಲಿರುವುದು ನಿಮ್ಮ ಅಂಚು ನೆಗ್ಗಿದ ಹಿತ್ತಾಳೆ ಬಟ್ಟಲೇ, ಅಮ್ಮಾ. ನಿಮಗೆ ನನ್ನ ಹೃತ್ಪೂರ್ವಕ ನಮಸ್ಕಾರಗಳು.