ಬಾಲನಟ ಯುವರಾಜ್

ಮಾನ್ಯರೇ,

ಯುವರಾಜ್ ಸಿಂಗ್ ಬಾಲನಟರೂ ಆಗಿದ್ದರು ಅಂತ ಎಷ್ಟು ಜನರಿಗೆ ಗೊತ್ತು? 1992ರ ಪಂಜಾಬಿ ಸಿನಿಮಾ ‘ಮೆಹಂದಿ ಶಗ್ನಾ ದಿ’ಯಲ್ಲಿ ಅವರಿದ್ದರು. ಹುಡುಗನಿಗೆ ಇಷ್ಟ ಇದ್ದದ್ದು ರೋಲರ್ ಸ್ಕೇಟಿಂಗ್. ಅದರಲ್ಲಿ ಗೆದ್ದ ಪದಕವನ್ನೇ ಅಪ್ಪ ಯೋಗರಾಜ್ ಎಸೆದು ಕ್ರಿಕೆಟ್‌ಗೆ ಹಚ್ಚಿದರಂತೆ. ಅದು ಸರಿ ಅಂತ ನನಗೆ ಇವತ್ತಿಗೂ ಅನಿಸಿಲ್ಲ.

ಆದರೆ 2011ರ ಮಾರ್ಚ್ 6ರಂದು ನಮ್ಮ ಚಿನ್ನಸ್ವಾಮಿಯಲ್ಲೇ ಐರ್ಲೆಂಡ್ ವಿರುದ್ಧ 31 ರನ್‌ಗೆ 5 ವಿಕೆಟ್, ಆಮೇಲೆ ಔಟಾಗದೆ 50! ವಿಶ್ವಕಪ್‌ನ ಒಂದೇ ಪಂದ್ಯದಲ್ಲಿ ಹೀಗೆ ಆಡಿದವರಲ್ಲಿ ಅವರೇ ಮೊದಲಿಗರು. ಎರಡು ವಾರ ಕಳೆದು ಚೆನ್ನೈನಲ್ಲಿ ಕೆಮ್ಮುತ್ತ, ಮೈದಾನದಲ್ಲೇ ವಾಂತಿ ಮಾಡಿಕೊಂಡು 113 ಹೊಡೆದರು. ಕ್ಯಾನ್ಸರ್ ಅಂತ ಗೊತ್ತಾಗಿದ್ದು ಆಮೇಲೆ. ಅವರ ಬಾಲ್ಯದ ಕಥೆ ನಿಮ್ಮ ಮಕ್ಕಳ ಪುಟದಲ್ಲಿ ಬರಲಿ.

– ಒಬ್ಬ ಓದುಗ, ಬೆಂಗಳೂರು